ಸ್ಲಾಟಿನ ಬೀಗ, ಸರ್ವರಿನ ಬೀಗ: ಹ್ಯಾಂಡ್‌ಹೆಲ್ಡ್ ಕನ್ಸೋಲುಗಳಲ್ಲಿ ರೀಜನ್ ಲಾಕ್ ಮತ್ತು ಅಪ್‌ಡೇಟ್

(ಆನ್‌ಲೈನ್ ವಿಚಾರ ಸಂಕಿರಣದಲ್ಲಿ ಮಾತನಾಡಿದ್ದರ ಬರಹರೂಪ. ಮಾತಿನ ಧಾಟಿಯನ್ನು ಹೆಚ್ಚು ಬದಲಿಸಿಲ್ಲ. ಕೊನೆಯಲ್ಲಿ ಪ್ರಶ್ನೋತ್ತರದ ಒಂದು ಭಾಗವನ್ನು ಸೇರಿಸಿದೆ.)

ನನ್ನ ಧ್ವನಿ ಕೇಳ್ತಾ ಉಂಟು ಅಂದುಕೊಳ್ತೇನೆ. ನಮ್ಮ ಮನೆ ಕಾಸರಗೋಡಿನ ಒಳಭಾಗದಲ್ಲಿ, ಗುಡ್ಡದ ಬದಿ. ಮಳೆ ಜೋರಾದರೆ ನೆಟ್‌ವರ್ಕ್ ಹೋಗ್ತದೆ. ಮಧ್ಯೆ ನಿಂತರೆ ಎರಡು ನಿಮಿಷ ಕಾಯಿರಿ, ಫೋನಿನಿಂದ ಮತ್ತೆ ಸೇರಿಕೊಳ್ತೇನೆ.

ಗಡಿಯಾಚೆಯ ಕನ್ನಡಿಗರ ಬಗ್ಗೆ ನಡೆಯುವ ಗೋಷ್ಠಿಯಲ್ಲಿ ವಿಡಿಯೋ ಗೇಮಿಗೆ ಏನು ಕೆಲಸ ಅಂತ ಹಿರಿಯರಿಗೆ ಅನಿಸಬಹುದು. ನನ್ನ ವಿಷಯ ಕನ್ನಡದ್ದಲ್ಲ, ಅದನ್ನು ಮೊದಲೇ ಒಪ್ಪಿಕೊಳ್ತೇನೆ. ಇದು ಜಪಾನಿನ ಎರಡು ಕಂಪನಿಗಳು ಮಾಡಿದ ಯಂತ್ರಗಳ ಕತೆ. ಆದರೆ ಇದರ ನಡುವೆ ಇರುವ ಪ್ರಶ್ನೆ ನಮಗೆ ಪರಿಚಿತವಾದದ್ದೇ: ಒಬ್ಬ ಮನುಷ್ಯ ಯಾವ ಪ್ರದೇಶಕ್ಕೆ ಸೇರಿದವನು ಅಂತ ಯಾರು ತೀರ್ಮಾನಿಸ್ತಾರೆ, ಒಮ್ಮೆ ತೀರ್ಮಾನಿಸಿದ ಮೇಲೆ ಅವನಿಗೆ ಏನು ಸಿಗ್ತದೆ, ಏನು ಸಿಗುವುದಿಲ್ಲ?

ನನಗೆ ಈ ಪ್ರಶ್ನೆ ಬಂದದ್ದು ಏಳನೇ ಕ್ಲಾಸಿನಲ್ಲಿ. ಸೋದರಮಾವ ಗಲ್ಫಿನಿಂದ ರಜೆಗೆ ಬರುವಾಗ ಒಂದು ಹ್ಯಾಂಡ್‌ಹೆಲ್ಡ್ ಕನ್ಸೋಲ್ ತಂದಿದ್ದರು. ಮನೆಯ ಕತೆ ಆದ್ದರಿಂದ ಕಂಪನಿಯ ಹೆಸರು ಬೇಡ. ಮರುವರ್ಷ ದೊಡ್ಡಮ್ಮನ ಮಗ ಜರ್ಮನಿಯಿಂದ ಬಂದ. ನಾನು ಕೇಳಿಕೊಂಡಿದ್ದ ಆಟದ ಕಾರ್ಟ್ರಿಡ್ಜನ್ನು ನೆನಪಿಟ್ಟು ತಂದಿದ್ದ. ಅದೇ ಕಂಪನಿಯದ್ದು, ಅದೇ ಯಂತ್ರಕ್ಕೆ ಮಾಡಿದ್ದು. ಸ್ಲಾಟಿನೊಳಗೆ ಟಕ್ ಅಂತ ಸರಿಯಾಗಿ ಕೂತಿತು. ಆದರೆ ಆಟ ಶುರುವಾಗಲಿಲ್ಲ. ತೆಗೆದು ಊದಿದೆ, ಅಂಗಿಯ ತುದಿಯಲ್ಲಿ ಒರೆಸಿದೆ, ಮತ್ತೆ ಹಾಕಿದೆ. ಇಲ್ಲ. ಅಮ್ಮ, “ಅಂಗಡಿಯವ್ರು ಹಾಳಾದದ್ದು ಕೊಟ್ಟಿದ್ದಾರೆ, ಪಾಪ ಇವನಿಗೆ ಗೊತ್ತಾಗಿಲ್ಲ” ಅಂದರು. ಅಣ್ಣನ ಮುಖ ಸಣ್ಣದಾಯಿತು. ಅಷ್ಟು ದೂರದಿಂದ ತಂದವನು ಅವನು.

ಕಾರ್ಟ್ರಿಡ್ಜ್ ಹಾಳಾಗಿರಲಿಲ್ಲ, ಯಂತ್ರವೂ ಹಾಳಾಗಿರಲಿಲ್ಲ. ಒಂದು ಅಮೆರಿಕದ ರೀಜನ್, ಇನ್ನೊಂದು ಯೂರೋಪಿನ ರೀಜನ್. ಎರಡೂ ಬಂದು ಸೇರಿದ್ದು ಎರಡಕ್ಕೂ ಸೇರದ ನಮ್ಮ ಮನೆಯ ಚಾವಡಿಯಲ್ಲಿ. ಆ ಕಾರ್ಟ್ರಿಡ್ಜನ್ನು ಬಿಸ್ಕತ್ತಿನ ಡಬ್ಬಿಯಲ್ಲಿ ಹಾಕಿ ಇಟ್ಟೆ. ಅದರ ಕತೆಗೆ ಕೊನೆಯಲ್ಲಿ ಮತ್ತೆ ಬರ್ತೇನೆ.

ನಾನು ಇವತ್ತು ಹೇಳಬೇಕೆಂದಿರುವುದು ಒಂದೇ ಮಾತು. ಈಗಿನ ಕನ್ಸೋಲುಗಳು ‘ರೀಜನ್ ಫ್ರೀ’ ಅಂತ ನಾವು ಸಮಾಧಾನ ಪಡ್ತೇವೆ. ಆದರೆ ಬೀಗ ಪೂರ್ತಿ ಹೋಗಿಲ್ಲ. ಕಾರ್ಟ್ರಿಡ್ಜಿನ ಸ್ಲಾಟಿನಲ್ಲಿದ್ದದ್ದು ಖಾತೆಗೆ ಹೋಗಿದೆ, ಅಪ್‌ಡೇಟ್ ಕೊಡುವ ಸರ್ವರಿಗೆ ಹೋಗಿದೆ, ಈಚೆಗೆ ಭಾಷೆಗೂ ಹೋಗಿದೆ.

1. ಬೀಗ ನಿಜವಾಗಿ ಎಲ್ಲಿರ್ತದೆ?

ರೀಜನ್ ಲಾಕ್ ಅಂದರೆ, ಒಂದು ಮಾರುಕಟ್ಟೆಗೆ ಅಂತ ಮಾರಿದ ಆಟ ಇನ್ನೊಂದು ಮಾರುಕಟ್ಟೆಗೆ ಮಾರಿದ ಯಂತ್ರದಲ್ಲಿ ನಡೆಯದ ಹಾಗೆ ಮಾಡುವ ವ್ಯವಸ್ಥೆ. ಮನೆಯ ಟಿವಿಗೆ ಜೋಡಿಸುವ ಕನ್ಸೋಲುಗಳಲ್ಲಿ ಇದು ಹಳೆಯದು. ನಿಂಟೆಂಡೊ ಕಂಪನಿಯ ಜಪಾನಿನ ಫ್ಯಾಮಿಕಾಮ್ ಕಾರ್ಟ್ರಿಡ್ಜಿಗೆ 60 ಪಿನ್ನುಗಳಿದ್ದವು, ಅಮೆರಿಕದ ಎನ್‌ಇಎಸ್ ಕಾರ್ಟ್ರಿಡ್ಜಿಗೆ 72. ಒಂದು ಇನ್ನೊಂದರೊಳಗೆ ಕೂರುತ್ತಲೇ ಇರಲಿಲ್ಲ. ಅಂದರೆ ಬೀಗ ಕಣ್ಣಿಗೆ ಕಾಣ್ತಿತ್ತು.

ಕೈಯಲ್ಲಿ ಹಿಡಿದು ಆಡುವ ಯಂತ್ರಗಳ ಚರಿತ್ರೆ ಬೇರೆ. 1989ರ ಗೇಮ್ ಬಾಯ್, ಆಮೇಲಿನ ಗೇಮ್ ಬಾಯ್ ಕಲರ್, 2001ರ ಗೇಮ್ ಬಾಯ್ ಅಡ್ವಾನ್ಸ್, ಇವುಗಳಿಗೆ ರೀಜನ್ ಲಾಕ್ ಇರಲಿಲ್ಲ. 2004ರ ನಿಂಟೆಂಡೊ ಡಿಎಸ್‌ಗೂ, ಚೀನಾಕ್ಕೆ ಅಂತ ಬೇರೆಯೇ ಮಾಡಿದ ಐಕ್ಯೂ ಡಿಎಸ್‌ನ ಆಟಗಳನ್ನು ಬಿಟ್ಟರೆ, ಬೀಗ ಇರಲಿಲ್ಲ. ಅದೇ ವರ್ಷ ಜಪಾನಿನಲ್ಲಿ ಬಂದ ಸೋನಿಯ ಪಿಎಸ್‌ಪಿಯಲ್ಲೂ ಆಟದ ಡಿಸ್ಕುಗಳು ಎಲ್ಲಿಯದ್ದಾದರೂ ನಡೀತಿದ್ದವು. ಕಾರಣ ಊಹಿಸಲಿಕ್ಕೆ ಕಷ್ಟವಿಲ್ಲ. ಕಿಸೆಯಲ್ಲಿಟ್ಟುಕೊಂಡು ತಿರುಗಾಡುವ ಯಂತ್ರ ಅದು. ವಿಮಾನ ನಿಲ್ದಾಣದಲ್ಲಿ ಕೊಂಡ ಆಟ ಮನೆಗೆ ಬಂದ ಮೇಲೆ ನಡೆಯದಿದ್ದರೆ ‘ಪೋರ್ಟೆಬಲ್’ ಅನ್ನುವ ಮಾತಿಗೇ ಅರ್ಥವಿಲ್ಲ.

ಪಿಎಸ್‌ಪಿಯಲ್ಲಿ ಒಂದು ವಿಚಿತ್ರ ಇತ್ತು. ಯುಎಮ್‌ಡಿ ಅನ್ನುವ ಅದರ ಚಿಕ್ಕ ಡಿಸ್ಕಿನಲ್ಲಿ ಆಟವೂ ಬರ್ತಿತ್ತು, ಸಿನಿಮಾವೂ ಬರ್ತಿತ್ತು. ಆಟಕ್ಕೆ ಬೀಗ ಇಲ್ಲ, ಸಿನಿಮಾಕ್ಕೆ ಮಾತ್ರ ಡಿವಿಡಿಯ ಹಾಗೆ ರೀಜನ್ ನಂಬರ್. ಆ ಲೆಕ್ಕದಲ್ಲಿ ಭಾರತ 5ನೇ ರೀಜನ್, ಗಲ್ಫ್ ದೇಶಗಳು 2ನೇ ರೀಜನ್. ಹಾಗಾಗಿ ದುಬೈಯಿಂದ ತಂದ ಆಟ ಇಲ್ಲಿಯ ಪಿಎಸ್‌ಪಿಯಲ್ಲಿ ನಡೀತದೆ, ಅದೇ ಅಂಗಡಿಯಲ್ಲಿ ಕೊಂಡ ಸಿನಿಮಾ ನಡೆಯುವುದಿಲ್ಲ. ಯಂತ್ರ ಒಂದೇ, ಡಿಸ್ಕಿನ ಆಕಾರ ಒಂದೇ. ಇದನ್ನು ನೋಡಿದರೆ ಗೊತ್ತಾಗ್ತದೆ, ಬೀಗ ತಂತ್ರಜ್ಞಾನದ ಅಗತ್ಯದಿಂದ ಹುಟ್ಟಿದ್ದಲ್ಲ. ಯಾವ ವ್ಯಾಪಾರದವರಿಗೆ ಅದು ಬೇಕಿತ್ತೋ ಅವರು ಹಾಕಿಸಿಕೊಂಡರು.

ಹ್ಯಾಂಡ್‌ಹೆಲ್ಡುಗಳಲ್ಲಿ ಆಟಕ್ಕೇ ಬೀಗ ಬಂದದ್ದು 2008ರ ಡಿಎಸ್‌ಐಯಿಂದ. ಅದರಲ್ಲಿ ಹಳೆಯ ಡಿಎಸ್ ಆಟಗಳು ಮೊದಲಿನ ಹಾಗೇ ನಡೀತಿದ್ದವು, ಡಿಎಸ್‌ಐಗೆ ಅಂತಲೇ ಮಾಡಿದ ಆಟಗಳಿಗೆ ಮಾತ್ರ ಬೀಗ. 2011ರ ಫೆಬ್ರವರಿ 26ರಂದು ಜಪಾನಿನಲ್ಲಿ, ಮರುತಿಂಗಳು ಯೂರೋಪ್ ಮತ್ತು ಅಮೆರಿಕದಲ್ಲಿ ಬಂದ ನಿಂಟೆಂಡೊ 3ಡಿಎಸ್‌ನಲ್ಲಿ ಬೀಗ ಪೂರ್ತಿಯಾಯಿತು. ಯಾವ ದೇಶದ ಹಳೆಯ ಡಿಎಸ್ ಕಾರ್ಡ್ ಹಾಕಿದರೂ 3ಡಿಎಸ್ ಅದನ್ನು ನಡೆಸ್ತದೆ, ಅದೇ ಸ್ಲಾಟಿಗೆ ಬೇರೆ ರೀಜನ್ನಿನ 3ಡಿಎಸ್ ಕಾರ್ಡ್ ಹಾಕಿದರೆ ನಡೆಸುವುದಿಲ್ಲ.

ಇದು ಕೆಲಸ ಮಾಡುವ ಬಗೆ ತುಂಬ ಸರಳ. ಪ್ರತಿ 3ಡಿಎಸ್ ಆಟದ ಜೊತೆ ಅದರ ಹೆಸರು, ಐಕಾನ್ ಎಲ್ಲ ಇರುವ ಒಂದು ಚಿಕ್ಕ ಫೈಲ್ ಇರ್ತದೆ. ಅದರಲ್ಲಿ ರೀಜನ್ನಿಗೆ ಅಂತ ಕೆಲವು ಬಿಟ್‌ಗಳು. ಏಳು ಸ್ವಿಚ್ಚುಗಳ ಒಂದು ಬೋರ್ಡ್ ಅಂತ ಭಾವಿಸಿ: ಜಪಾನ್, ಉತ್ತರ ಅಮೆರಿಕ, ಯೂರೋಪ್, ಆಸ್ಟ್ರೇಲಿಯಾ, ಚೀನಾ, ಕೊರಿಯಾ, ತೈವಾನ್. ಯಾವ ಸ್ವಿಚ್ ಹಾಕಿದೆಯೋ ಆ ರೀಜನ್ನಿನ ಯಂತ್ರದಲ್ಲಿ ಆಟ ನಡೀತದೆ. ಎಲ್ಲ ಸ್ವಿಚ್ಚೂ ಹಾಕಿದ್ದರೆ ಎಲ್ಲಿಯೂ ನಡೀತದೆ. ಯಂತ್ರದ ರೀಜನ್ ಮಾತ್ರ ಬೇರೆ ಕಡೆ, ಡಿಜಿಟಲ್ ಸಹಿ ಹಾಕಿದ ಇನ್ನೊಂದು ಫೈಲಿನಲ್ಲಿರ್ತದೆ. ಸೆಟ್ಟಿಂಗ್ಸಿಗೆ ಹೋಗಿ ಅದನ್ನು ಬದಲಾಯಿಸಲಿಕ್ಕೆ ಆಗುವುದಿಲ್ಲ. ಆಟ ಶುರುವಾಗುವ ಮೊದಲು ಯಂತ್ರ ಎರಡನ್ನೂ ಹೋಲಿಸಿ ನೋಡ್ತದೆ, ಅಷ್ಟೇ. ನಮ್ಮ ಚಾವಡಿಯಲ್ಲಿ ನಾನು ಕಾರ್ಟ್ರಿಡ್ಜನ್ನು ಊದಿ ಊದಿ ಹಾಕುತ್ತಿದ್ದಾಗ ಒಳಗೆ ನಡೀತಿದ್ದದ್ದೂ ಇಂಥದ್ದೇ ಒಂದು ಹೋಲಿಕೆ.

2. ಕಾರಣ ಭಾಷೆಯೇ?

ಬೀಗಕ್ಕೆ ಕೊಡುವ ಕಾರಣಗಳು ಕೆಲವು ಉಂಟು. ಆಗಿನ ನಿಂಟೆಂಡೊ ಅಧ್ಯಕ್ಷ ಸತೋರು ಇವಾಟಾ 2013ರಲ್ಲಿ ಈ ಬಗ್ಗೆ ಮಾತಾಡಿದ್ದರು. ಒಂದೊಂದು ಪ್ರದೇಶದ ಕಾನೂನು ಬೇರೆ, ವಯಸ್ಸಿನ ರೇಟಿಂಗ್ ಬೇರೆ, ಜನ ಏನನ್ನು ಒಪ್ಪುತ್ತಾರೆ ಅನ್ನುವುದೂ ಬೇರೆ ಅನ್ನುವುದು ಅವರ ಮಾತಿನ ಸಾರ. ಇದು ಸುಳ್ಳಲ್ಲ. ಜಪಾನಿನಲ್ಲಿ ಸೆರೊ, ಉತ್ತರ ಅಮೆರಿಕದಲ್ಲಿ ಇಎಸ್‌ಆರ್‌ಬಿ, ಯೂರೋಪಿನಲ್ಲಿ ಪೆಗಿ ಅಂತ ಮೂರು ಬೇರೆ ಸಂಸ್ಥೆಗಳು ಆಟಗಳಿಗೆ ವಯಸ್ಸಿನ ಮುದ್ರೆ ಹಾಕ್ತವೆ. ಇದರ ಜೊತೆಗೆ ಬೆಲೆ ಮತ್ತು ವಿತರಣೆಯ ಲೆಕ್ಕವೂ ಇರ್ತದೆ. ಒಂದು ಕಡೆ ಕಡಿಮೆ ಬೆಲೆಗೆ ಮಾರಿದ್ದು ಇನ್ನೊಂದು ಕಡೆಯ ಅಂಗಡಿಗೆ ಬಂದು ಬೀಳಬಾರದು.

ಭಾಷೆ ಬೇರೆ ಬೇರೆ ಇರುವುದರಿಂದ ಬೀಗ ಬೇಕಾಯಿತು ಅಂತಲೂ ಕೆಲವರು ಹೇಳ್ತಾರೆ. ಅದಕ್ಕೆ ಒಂದು ಒಳ್ಳೆಯ ಉತ್ತರ ಪೊಕೆಮಾನ್ ಎಕ್ಸ್ ಮತ್ತು ವೈ. 2013ರ ಅಕ್ಟೋಬರ್ 12ರಂದು ಜಗತ್ತಿನ ಬಹುಪಾಲು ಕಡೆ ಒಂದೇ ದಿನ ಬಂದ ಆಟ ಅದು. ಅದರೊಳಗೆ ಜಪಾನೀ, ಇಂಗ್ಲಿಷ್, ಫ್ರೆಂಚ್, ಜರ್ಮನ್, ಇಟಾಲಿಯನ್, ಸ್ಪ್ಯಾನಿಷ್, ಕೊರಿಯನ್, ಹೀಗೆ ಏಳು ಭಾಷೆಗಳು ಇದ್ದವು. ಆಟ ಶುರುಮಾಡುವಾಗ ಭಾಷೆ ಆರಿಸಿಕೊಳ್ಳಬೇಕು. ಜಪಾನಿನಲ್ಲಿ ಕೊಂಡ ಕಾರ್ಡಿನಲ್ಲೂ ಜರ್ಮನ್ ಇತ್ತು, ಜರ್ಮನಿಯಲ್ಲಿ ಕೊಂಡದ್ದರಲ್ಲೂ ಜಪಾನೀ ಇತ್ತು. ಆದರೂ ಒಂದು ರೀಜನ್ನಿನ ಕಾರ್ಡ್ ಇನ್ನೊಂದು ರೀಜನ್ನಿನ 3ಡಿಎಸ್‌ನಲ್ಲಿ ನಡೀತಿರಲಿಲ್ಲ. ಭಾಷೆ ಒಳಗೇ ಇತ್ತು, ಬಾಗಿಲು ಮಾತ್ರ ಮುಚ್ಚಿತ್ತು.

ನಾವು ಕಾಸರಗೋಡಿನವರಿಗೆ ಇದು ಬಿಡಿಸಿ ಹೇಳಬೇಕಾದ ವಿಷಯವಲ್ಲ. 1956ರ ನವೆಂಬರ್ 1ರಂದು ನಮ್ಮ ಊರು ಯಾವ ರಾಜ್ಯ ಅಂತ ತೀರ್ಮಾನವಾಯಿತು. ಊರಿನೊಳಗೆ ಕನ್ನಡ, ತುಳು, ಮಲಯಾಳ, ಬ್ಯಾರಿ, ಕೊಂಕಣಿ, ಮರಾಠಿ ಮೊದಲಿನ ಹಾಗೇ ಇದ್ದವು. ಈಗಲೂ ಟಿವಿಯ ಡಿಶ್ ಹಾಕಿಸುವಾಗ ನಮ್ಮ ಪಿನ್‌ಕೋಡ್ ಹೇಳಿದ ತಕ್ಷಣ ಮಲಯಾಳ ಚಾನೆಲುಗಳ ಪ್ಯಾಕನ್ನೇ ಮೊದಲು ತೋರಿಸ್ತಾರೆ. ಕನ್ನಡದ್ದು ಬೇಕು ಅಂತ ಬಾಯಿಬಿಟ್ಟು ಕೇಳಬೇಕು. ಇದನ್ನು ಅನ್ಯಾಯ ಅಂತ ದೊಡ್ಡದು ಮಾಡಲಿಕ್ಕೆ ಹೇಳ್ತಿಲ್ಲ. ನಕ್ಷೆ ಮಾಡಿದವರ ಲೆಕ್ಕದಲ್ಲಿ ಒಂದು ಜಾಗಕ್ಕೆ ಒಂದು ಭಾಷೆ, ಅಂಥ ಲೆಕ್ಕಕ್ಕೆ ಸೇರದವರು ಪ್ರತಿ ಸಲವೂ ಕೇಳಿ ಪಡೀಬೇಕು ಅನ್ನುವುದನ್ನಷ್ಟೇ ನೆನಪಿಟ್ಟುಕೊಳ್ಳಿ. ಮುಂದೆ ಬೇಕಾಗ್ತದೆ.

3. ಅಪ್‌ಡೇಟ್ ಅಂದರೆ ಏನು?

ಈಗ ವಿಷಯದ ಇನ್ನೊಂದು ಅರ್ಧ. ಕಾರ್ಟ್ರಿಡ್ಜಿನಲ್ಲಿ ಆಟದ ಭಾಗ ಒಮ್ಮೆ ಅಚ್ಚಾದ ಪುಸ್ತಕದ ಹಾಗೆ. ಅದನ್ನು ತಿದ್ದಲಿಕ್ಕೆ ಬರುವುದಿಲ್ಲ. ಗೇಮ್ ಬಾಯ್ ಕಾಲದಲ್ಲಿ ತಪ್ಪು ಉಳಿದರೆ ಉಳಿದ ಹಾಗೇ, ಮುಂದಿನ ಮುದ್ರಣದಲ್ಲಿ ತಿದ್ದಿದರೆ ಉಂಟು. ಇಂಟರ್ನೆಟ್ ಬಂದ ಮೇಲೆ ಒಂದು ಉಪಾಯ ಆಯಿತು. ತಿದ್ದಿದ ಭಾಗವನ್ನು ಯಂತ್ರದ ಮೆಮೊರಿಗೋ ಎಸ್‌ಡಿ ಕಾರ್ಡಿಗೋ ಬೇರೆಯಾಗಿ ಇಳಿಸಿಕೊಳ್ಳುವುದು. ಆಟ ನಡೆಯುವಾಗ ಯಂತ್ರ ಕಾರ್ಡಿನಿಂದ ಮೂಲ ಓದ್ತದೆ, ತಿದ್ದುಪಡಿ ಇರುವ ಕಡೆ ಮೆಮೊರಿಯಿಂದ ಓದ್ತದೆ. ಪುಸ್ತಕದೊಳಗೆ ತಪ್ಪೊಪ್ಪೋಲೆ ಇಟ್ಟುಕೊಂಡು ಓದಿದ ಹಾಗೆ. ಹಾಗಾಗಿ ಅಪ್‌ಡೇಟ್ ಆದ ಆಟದ ಕಾರ್ಡನ್ನು ತೆಗೆದು ಬೇರೆಯವರ ಯಂತ್ರಕ್ಕೆ ಹಾಕಿದರೆ ಅಲ್ಲಿ ಹಳೆಯ ಆಟವೇ ಬರ್ತದೆ.

ಇಲ್ಲಿ ಎರಡು ಬಗೆಯ ಅಪ್‌ಡೇಟನ್ನು ಬೇರೆ ಮಾಡಿ ನೋಡಬೇಕು. ಒಂದು, ಯಂತ್ರದ್ದೇ ಸಿಸ್ಟಮ್ ಸಾಫ್ಟ್‌ವೇರ್. ಇದು ನೆಟ್ ಇಲ್ಲದವರಿಗೂ ತಲುಪುವ ಹಾಗೆ ಇತ್ತು. ಪಿಎಸ್‌ಪಿ ಆಟದ ಎಷ್ಟೋ ಡಿಸ್ಕುಗಳಲ್ಲಿ ಆ ಆಟಕ್ಕೆ ಬೇಕಾದ ಸಿಸ್ಟಮ್ ಅಪ್‌ಡೇಟ್ ಕೂಡ ಸೇರಿರ್ತಿತ್ತು, 3ಡಿಎಸ್ ಕಾರ್ಡುಗಳಲ್ಲೂ ಹಾಗೇ. ಪಿಎಸ್‌ಪಿಗೆ ಕಂಪ್ಯೂಟರಿನಲ್ಲಿ ಫೈಲ್ ಇಳಿಸಿ ಮೆಮೊರಿ ಸ್ಟಿಕ್ಕಿನ ‘ಅಪ್‌ಡೇಟ್’ ಅನ್ನುವ ಫೋಲ್ಡರಿಗೆ ಹಾಕಿಯೂ ನಡೆಸಬಹುದಿತ್ತು. ಷರತ್ತು ಒಂದೇ: ಬ್ಯಾಟರಿ ತುಂಬಿರಬೇಕು, ಚಾರ್ಜರ್ ಜೋಡಿಸಿರಬೇಕು. ಮಧ್ಯೆ ಯಂತ್ರ ಆಫ್ ಆದರೆ ಅದು ಮತ್ತೆ ಏಳದೇ ಹೋಗಬಹುದು. ಮಳೆಗಾಲದಲ್ಲಿ ಗಂಟೆಗೊಮ್ಮೆ ಕರೆಂಟು ಹೋಗುವ ನಮ್ಮಂಥ ಕಡೆ ಬ್ಯಾಟರಿಯ ಷರತ್ತು ಯಾಕೆ ಅಂತ ಬೇರೆ ಹೇಳಬೇಕಿಲ್ಲ.

ಎರಡನೆಯದು, ಒಂದೊಂದು ಆಟದ ತಿದ್ದುಪಡಿ, ಅಂದರೆ ಪ್ಯಾಚ್. ಇದು ಕಡ್ಡಾಯ ಅಲ್ಲ ಅನಿಸ್ತದೆ, ಆದರೆ ಕೆಲವೊಮ್ಮೆ ಆಟವೇ ಅದರ ಮೇಲೆ ನಿಂತಿರ್ತದೆ. ಮತ್ತೆ ಪೊಕೆಮಾನ್ ಎಕ್ಸ್ ಮತ್ತು ವೈ ನೋಡಿ. ಆ ಆಟದೊಳಗಿನ ಲುಮಿಯೋಸ್ ಅನ್ನುವ ನಗರದ ಕೆಲವು ಬೀದಿಗಳಲ್ಲಿ ಸೇವ್ ಮಾಡಿದರೆ, ಮತ್ತೆ ತೆರೆಯುವಾಗ ಆಟ ನಿಂತುಹೋಗ್ತಿತ್ತು. ಹತ್ತಾರು ಗಂಟೆ ಆಡಿದ್ದು ಅಲ್ಲಿಗೇ ಸಿಕ್ಕಿಹಾಕಿಕೊಳ್ತಿತ್ತು. ಅದೇ ಅಕ್ಟೋಬರಿನಲ್ಲಿ 1.1 ಅಪ್‌ಡೇಟ್ ಬಂತು. ಅದನ್ನು ಹಾಕಿಕೊಂಡರೆ ಸಿಕ್ಕಿಬಿದ್ದ ಸೇವ್ ಕೂಡ ಮತ್ತೆ ತೆರೆದುಕೊಳ್ತಿತ್ತು. ನೆಟ್ ಇದ್ದವನಿಗೆ ಅದು ಸ್ವಲ್ಪ ಹೊತ್ತಿನ ಕೆಲಸ. ಇಲ್ಲದವನ ಕೈಯಲ್ಲಿ ಇದ್ದದ್ದು ನಿಂತ ಆಟ.

ಅಪ್‌ಡೇಟ್ ಸರಿಯಾದ ಆಟಕ್ಕೇ ಹೋಗಿ ಸೇರುವುದು ಹೇಗೆ? ಪ್ರತಿ ಆಟಕ್ಕೆ ಒಂದು ಗುರುತಿನ ಸಂಖ್ಯೆ ಇರ್ತದೆ, ಟೈಟಲ್ ಐಡಿ ಅಂತಾರೆ. ಅಪ್‌ಡೇಟ್ ಆ ಸಂಖ್ಯೆಯನ್ನು ನೋಡಿ ಬರ್ತದೆ. ಒಂದೇ ಆಟದ ಅಮೆರಿಕ ಆವೃತ್ತಿಗೆ ಒಂದು, ಯೂರೋಪ್ ಆವೃತ್ತಿಗೆ ಇನ್ನೊಂದು ಸಂಖ್ಯೆ ಇದ್ದರೆ, ಒಂದರ ಅಪ್‌ಡೇಟ್ ಇನ್ನೊಂದಕ್ಕೆ ಕೂರುವುದಿಲ್ಲ. ಆಟ ನೋಡಲಿಕ್ಕೆ ಒಂದೇ ಇರ್ತದೆ, ಯಂತ್ರಕ್ಕೆ ಅವು ಎರಡು ಬೇರೆ ಆಟ.

4. ಬೀಗ ಜಾಗ ಬದಲಾಯಿಸಿತು

2011ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಬಂದ ಸೋನಿಯ ಪಿಎಸ್ ವೀಟಾ ಇದನ್ನು ಚೆನ್ನಾಗಿ ತೋರಿಸ್ತದೆ. ವೀಟಾದ ಆಟದ ಕಾರ್ಡಿಗೆ ರೀಜನ್ ಲಾಕ್ ಇಲ್ಲ. ಆದರೆ ಯಂತ್ರದಲ್ಲಿ ಒಂದು ಸಲಕ್ಕೆ ಒಂದೇ ಖಾತೆ. ಖಾತೆ ತೆರೆಯುವಾಗ ಯಾವ ದೇಶ ಅಂತ ಹೇಳಿರ್ತೀರೋ ಆ ದೇಶದ ಅಂಗಡಿ ಮಾತ್ರ ಕಾಣ್ತದೆ. ಬೇರೆ ದೇಶದ ಖಾತೆಗೆ ಹೋಗಬೇಕಿದ್ದರೆ ಯಂತ್ರವನ್ನು ಮೊದಲಿನ ಸ್ಥಿತಿಗೆ ತರಬೇಕು, ಮೆಮೊರಿ ಕಾರ್ಡೂ ಹಳೆಯ ಖಾತೆಗೇ ಅಂಟಿಕೊಂಡಿರ್ತದೆ. ಆಟದ ಕೋಡಿನಲ್ಲೇ ಊರು ಗೊತ್ತಾಗ್ತದೆ. ಸಾಮಾನ್ಯವಾಗಿ ಪಿಸಿಎಸ್‌ಇ ಅಂತ ಶುರುವಾದರೆ ಅಮೆರಿಕದ್ದು, ಪಿಸಿಎಸ್‌ಬಿ ಆದರೆ ಯೂರೋಪಿನದ್ದು, ಪಿಸಿಎಸ್‌ಜಿ ಆದರೆ ಜಪಾನಿನದ್ದು. ಪ್ಯಾಚ್ ಈ ಕೋಡ್ ನೋಡಿ ಬರ್ತದೆ. ಆದರೆ ಡಿಎಲ್‌ಸಿ, ಅಂದರೆ ಆಮೇಲೆ ದುಡ್ಡು ಕೊಟ್ಟು ಸೇರಿಸಿಕೊಳ್ಳುವ ಭಾಗ, ಖಾತೆಯ ದೇಶದ ಅಂಗಡಿಯಿಂದ ಬರ್ತದೆ. ಕಾರ್ಡ್ ಅಮೆರಿಕದ್ದು, ಖಾತೆ ಯೂರೋಪಿನದ್ದು ಆದರೆ ಅರ್ಧ ಆಟ ನಿಮ್ಮದು, ಉಳಿದದ್ದು ಅಲ್ಲ.

2017ರ ಮಾರ್ಚ್ 3ರಂದು ಬಂದ ನಿಂಟೆಂಡೊ ಸ್ವಿಚ್ ಕಾರ್ಡಿನ ಬೀಗವನ್ನು ತೆಗೆದುಹಾಕಿತು. ಖಾತೆಯ ದೇಶ ಬದಲಾಯಿಸುವುದೂ ಸುಲಭವಾಯಿತು. ಇದು ನಿಜವಾದ ಒಳ್ಳೆಯ ಕೆಲಸ. ಆದರೂ ಡಿಎಲ್‌ಸಿ ಆಟದ ರೀಜನ್ನಿಗೆ ಹೊಂದಬೇಕು ಅನ್ನುವ ನಿಯಮ ಉಳಿಯಿತು.

ಬೀಗ ಜಾಗ ಬದಲಾಯಿಸಿದ್ದಕ್ಕೆ ಅತಿ ಸ್ಪಷ್ಟ ಉದಾಹರಣೆ ಚೀನಾದ ಸ್ವಿಚ್. 2019ರ ಡಿಸೆಂಬರಿನಲ್ಲಿ ಟೆನ್ಸೆಂಟ್ ಕಂಪನಿಯ ಮೂಲಕ ಅದನ್ನು ಅಲ್ಲಿ ಬಿಡುಗಡೆ ಮಾಡಿದರು. ಚೀನಾದ ಕಾರ್ಡುಗಳು ಚೀನಾದ ಯಂತ್ರದಲ್ಲಿ ಮಾತ್ರ ನಡೀತವೆ. ತಿರುಗಿಸಿ ನೋಡಿದರೆ, ಆ ಯಂತ್ರದಲ್ಲಿ ಹೊರದೇಶದ ಕಾರ್ಡುಗಳೂ ನಡೀತವೆ. ಆಹಾ, ಬಾಗಿಲು ತೆರೆದಿದೆ ಅನಿಸ್ತದಲ್ವಾ? ಆದರೆ ಆ ಯಂತ್ರ ಮಾತಾಡ್ತಿದ್ದದ್ದು ಚೀನಾದ್ದೇ ಬೇರೆ ಸರ್ವರಿನ ಜೊತೆ. ಹೊರಗಿನ ಆಟಗಳ ಅಪ್‌ಡೇಟ್ ಅಲ್ಲಿ ಇರಲಿಲ್ಲ. ಕಾರ್ಡಿನಲ್ಲಿ ಅಚ್ಚಾದ ಆವೃತ್ತಿ ಯಾವುದೋ ಅದನ್ನೇ ಆಡ್ತಾ ಇರಬೇಕಿತ್ತು. ಊಟದ ಮನೆಗೆ ಬಿಟ್ಟು, ಎಲೆ ಹಾಕಿ, ಅನ್ನ ಬಡಿಸಿ, ಸಾರು ಮಾತ್ರ ನಿಮ್ಮ ಪಂಕ್ತಿಗೆ ಇಲ್ಲ ಅಂದ ಹಾಗೆ.

ಇದಕ್ಕೆ ಸ್ವಿಚ್‌ನಲ್ಲೇ ಒಂದು ಕಿರುದಾರಿ ಉಂಟು. ಆಟದ ಐಕಾನಿನ ಮೇಲೆ ನಿಂತು ಪ್ಲಸ್ ಗುಂಡಿ ಒತ್ತಿ, ಸಾಫ್ಟ್‌ವೇರ್ ಅಪ್‌ಡೇಟ್‌ಗೆ ಹೋದರೆ ಎರಡು ಆಯ್ಕೆ ಕಾಣ್ತದೆ. ಒಂದು ಇಂಟರ್ನೆಟ್ ಮೂಲಕ. ಇನ್ನೊಂದು, ಹತ್ತಿರ ಇರುವವರ ಯಂತ್ರದ ಆವೃತ್ತಿಗೆ ಸರಿಹೊಂದಿಸಿಕೊಳ್ಳುವುದು. ಪಕ್ಕದಲ್ಲಿ ಕೂತ ಗೆಳೆಯನ ಯಂತ್ರದಲ್ಲಿ ಹೊಸ ಆವೃತ್ತಿ ಇದ್ದರೆ ಸರ್ವರಿನ ಹಂಗಿಲ್ಲದೆ ಅದು ನಿಮ್ಮ ಯಂತ್ರಕ್ಕೆ ಬರ್ತದೆ. ಕೂಡಿ ಆಡಬೇಕಾದರೆ ಇಬ್ಬರ ಆವೃತ್ತಿಯೂ ಒಂದೇ ಇರಬೇಕಲ್ಲ, ಅದಕ್ಕಾಗಿ ಮಾಡಿದ್ದು. ಆದರೆ ನೆಟ್ ಇಲ್ಲದ ಊರಿನಲ್ಲಿ ಅದಕ್ಕೆ ಬೇರೆಯೇ ಬೆಲೆ ಬರ್ತದೆ. ಒಂದು ಮನೆಯ ಬಾವಿ ಬತ್ತಿದರೆ ಪಕ್ಕದ ಮನೆಯಿಂದ ಕೊಡಪಾನ ನೀರು ತಂದ ಹಾಗೆ.

5. ಭಾಷೆಯೇ ಬೀಗವಾದಾಗ

ಹಿಂದೆ ಭಾಷೆ ಬೀಗಕ್ಕೆ ನಿಜವಾದ ಕಾರಣ ಆಗಿರಲಿಲ್ಲ ಅಂದೆ. 2025ರ ಜೂನ್ 5ರಂದು ಬಂದ ಸ್ವಿಚ್ 2 ಜಪಾನಿನಲ್ಲಿ ಆ ಲೆಕ್ಕವನ್ನು ಬದಲಾಯಿಸಿತು. ಅಲ್ಲಿ ಎರಡು ಬಗೆ ಬಿಟ್ಟರು. ಬಿಡುಗಡೆಯ ಹೊತ್ತಿಗೆ ಜಪಾನೀ ಭಾಷೆ ಮಾತ್ರ ಇರುವ ಯಂತ್ರಕ್ಕೆ 49,980 ಯೆನ್, ಬಹುಭಾಷೆಯ ಯಂತ್ರಕ್ಕೆ 69,980 ಯೆನ್ ಇತ್ತು. ಒಳಗಿನ ಯಂತ್ರ ಒಂದೇ. ಅಗ್ಗದ್ದರಲ್ಲಿ ಸಿಸ್ಟಮ್ ಭಾಷೆ ಜಪಾನೀ ಮಾತ್ರ, ಜಪಾನಿನ ಖಾತೆ ಮಾತ್ರ ಜೋಡಿಸಬಹುದು. ಜಪಾನಿನವರಿಗೆ ಕಡಿಮೆ ಬೆಲೆಗೆ ಕೊಡಬೇಕು, ಆ ಕಡಿಮೆ ಬೆಲೆಯ ಮಾಲು ಹೊರದೇಶಕ್ಕೆ ಹರಿದು ಹೋಗಬಾರದು, ಅದಕ್ಕೆ ಭಾಷೆಯೇ ಬೇಲಿ. ವ್ಯಾಪಾರದ ದೃಷ್ಟಿಯಿಂದ ಜಾಣ ಉಪಾಯ, ಒಪ್ಪುತ್ತೇನೆ.

ಆದರೆ ಜಪಾನಿನೊಳಗೆ ಜಪಾನೀ ಅಲ್ಲದ ಮನೆಮಾತಿನವರೂ ಇದ್ದಾರಲ್ಲ? ಬ್ರೆಜಿಲ್‌ನಿಂದ ಬಂದು ನೆಲೆಸಿದವರೇ ಸುಮಾರು 2 ಲಕ್ಷ ಜನ. ಹಮಾಮಾತ್ಸು ಅನ್ನುವ ಕಾರ್ಖಾನೆಗಳ ನಗರದಲ್ಲಿ ಪೋರ್ಚುಗೀಸ್ ಮಾತಾಡುವ ಕುಟುಂಬಗಳು ದಶಕಗಳಿಂದ ಇವೆ. ಅಂಥ ಮನೆಯ ಮಗುವೊಂದು ಅಮ್ಮನ ಭಾಷೆಯಲ್ಲಿ ಯಂತ್ರವನ್ನು ನೋಡಬೇಕಿದ್ದರೆ ಆಗ 20,000 ಯೆನ್ ಹೆಚ್ಚು ಕೊಡಬೇಕಿತ್ತು. ಯಾರೂ ಆ ಮಗುವಿಗೆ ತೊಂದರೆ ಕೊಡಬೇಕು ಅಂತ ಇದನ್ನು ಮಾಡಿದ್ದಲ್ಲ. ಒಂದು ದೇಶಕ್ಕೆ ಒಂದು ಭಾಷೆ ಅಂತ ಲೆಕ್ಕ ಹಾಕಿದಾಗ ಆ ಮಗು ಲೆಕ್ಕದಲ್ಲಿ ಬರಲೇ ಇಲ್ಲ. ನಮ್ಮ ಪಿನ್‌ಕೋಡಿನ ಕತೆ ನೆನಪಿಟ್ಟುಕೊಳ್ಳಿ ಅಂದದ್ದು ಇದಕ್ಕೆ.

6. ಸರ್ವರ್ ನಿಂತ ದಿನ

ಸ್ಲಾಟಿನ ಬೀಗ ಕೆಟ್ಟದ್ದಿರಬಹುದು, ಆದರೆ ಅದು ನೂರು ವರ್ಷ ಕಳೆದರೂ ಹಾಗೇ ಇರ್ತದೆ. ಸರಿಯಾದ ಯಂತ್ರ ಸಿಕ್ಕಿದರೆ ತೆರೆಯುತ್ತದೆ. ಸರ್ವರಿನ ಬೀಗ ಹಾಗಲ್ಲ. 3ಡಿಎಸ್‌ನ ಅಂಗಡಿ 2023ರ ಮಾರ್ಚ್ 27ರಂದು ಮುಚ್ಚಿತು. 2024ರ ಏಪ್ರಿಲ್ 8ರಂದು ಆನ್‌ಲೈನ್ ಆಟ ನಿಂತಿತು. ಮೊದಲು ಕೊಂಡದ್ದನ್ನು ಮತ್ತೆ ಇಳಿಸಿಕೊಳ್ಳುವುದು, ಅಪ್‌ಡೇಟ್ ತೆಗೆದುಕೊಳ್ಳುವುದು ಮಾತ್ರ ಸದ್ಯಕ್ಕೆ ಮುಂದುವರಿಯುತ್ತದೆ ಅಂತ ನಿಂಟೆಂಡೊ ಹೇಳಿತು. 2021ರ ಮಾರ್ಚಿನಲ್ಲಿ ಸೋನಿಯೂ ವೀಟಾದ ಅಂಗಡಿ ಮುಚ್ಚುತ್ತೇವೆ ಅಂತ ಪ್ರಕಟಿಸಿ, ಆಡುವವರು ಬೇಸರ ತೋಡಿಕೊಂಡ ಮೇಲೆ ಏಪ್ರಿಲಿನಲ್ಲಿ ಆ ತೀರ್ಮಾನ ಹಿಂದೆಗೆದುಕೊಂಡಿತು. ಎರಡರಲ್ಲೂ ತೀರ್ಮಾನ ನಮ್ಮ ಕೈಯಲ್ಲಿ ಇಲ್ಲ. ‘ಸದ್ಯಕ್ಕೆ’ ಅನ್ನುವ ಮಾತಿನ ಮೇಲೆ ನಿಂತಿದೆ.

ಈಗ ಬಿಸ್ಕತ್ತಿನ ಡಬ್ಬಿಗೆ ಬರ್ತೇನೆ. ಕಳೆದ ವರ್ಷ ಹಾಸ್ಟೆಲಿನಲ್ಲಿ ಜೊತೆಗಿದ್ದ ಒಬ್ಬನ ಹತ್ತಿರ ಅದೇ ಮಾದರಿಯ, ಯೂರೋಪ್ ರೀಜನ್ನಿನ ಹಳೆಯ ಯಂತ್ರ ಸಿಕ್ಕಿತು. ರಜೆಗೆ ಬಂದಾಗ ಡಬ್ಬಿಯಿಂದ ಕಾರ್ಟ್ರಿಡ್ಜ್ ತೆಗೆದುಕೊಂಡು ಹೋದೆ. ಹಾಕಿದೆವು. ಟಕ್ ಅಂತ ಕೂತಿತು, ಈ ಸಲ ಆಟವೂ ಶುರುವಾಯಿತು. ಅಪ್‌ಡೇಟ್ ಇದೆ ಅಂತ ತೋರಿಸಿತು, ಹಾಸ್ಟೆಲಿನ ವೈಫೈಯಲ್ಲಿ ಅದೂ ಬಂತು. ಅಣ್ಣನಿಗೆ ವಿಡಿಯೋ ಕಾಲ್ ಮಾಡಿ ತೋರಿಸಿದೆ. “ಹಾಗಾದ್ರೆ ಅದು ಹಾಳಾಗಿರ್ಲಿಲ್ಲ ಮಾರಾಯಾ!” ಅಂದ. ಇಷ್ಟು ವರ್ಷ ಅವನ ಮನಸ್ಸಿನಲ್ಲಿ ಅದು ಕೂತಿತ್ತು ಅಂತ ನನಗೆ ಗೊತ್ತಿರಲಿಲ್ಲ.

ಇನ್ನು ಐದೋ ಹತ್ತೋ ವರ್ಷ ಕಳೆದು ಅದೇ ಕಾರ್ಟ್ರಿಡ್ಜನ್ನು ಯಾರಾದರೂ ತೆಗೆದರೆ ಆಟ ಶುರುವಾಗ್ತದೆ, ಅದು ಖಂಡಿತ. ತಿದ್ದುಪಡಿ ಬರ್ತದೋ ಇಲ್ಲವೋ ಹೇಳಲಿಕ್ಕಾಗದು. ಆಟಗಳನ್ನು ಸಂಗ್ರಹಿಸಿಡುವ ಲೈಬ್ರರಿಗಳು, ಮ್ಯೂಸಿಯಮ್ಮುಗಳು ಕಾರ್ಡನ್ನು ಮಾತ್ರ ಇಟ್ಟುಕೊಂಡರೆ ಸಾಲದು, ಆ ಆಟದ ಕೊನೆಯ ಆವೃತ್ತಿಯನ್ನೂ ಎಲ್ಲ ರೀಜನ್ನುಗಳಲ್ಲಿ ಇಟ್ಟುಕೊಳ್ಳಬೇಕು ಅನ್ನುವುದು ನನ್ನ ಮಾತಿನ ಕೊನೆ. ಪುಸ್ತಕವನ್ನು ಇಟ್ಟು ತಪ್ಪೊಪ್ಪೋಲೆಯನ್ನು ಎಸೆದರೆ, ಮುಂದಿನವರು ತಪ್ಪನ್ನೇ ಮೂಲ ಅಂತ ಓದ್ತಾರೆ.

ಪ್ರಶ್ನೋತ್ತರ

ಪ್ರಶ್ನೆ (ಸೋಲಾಪುರದಿಂದ ಒಬ್ಬ ವಿದ್ಯಾರ್ಥಿ): ಸೆಕೆಂಡ್ ಹ್ಯಾಂಡ್ ತಗೊಳ್ಳುವಾಗ ಏನೇನು ನೋಡಬೇಕು?

ಉತ್ತರ: ಮೊದಲು ಯಂತ್ರದ ರೀಜನ್. 3ಡಿಎಸ್ ಆದರೆ ಸೆಟ್ಟಿಂಗ್ಸಿನಲ್ಲಿ ಸಿಸ್ಟಮ್ ಆವೃತ್ತಿಯ ಸಂಖ್ಯೆ ಕಾಣ್ತದೆ, ಅದರ ಕೊನೆಯ ಅಕ್ಷರ ನೋಡಿ: ಯು ಆದರೆ ಅಮೆರಿಕ, ಇ ಆದರೆ ಯೂರೋಪ್, ಜೆ ಆದರೆ ಜಪಾನ್. ಆಟದ ಪೆಟ್ಟಿಗೆ ಮೇಲೆ ಇಎಸ್‌ಆರ್‌ಬಿ, ಪೆಗಿ, ಸೆರೊ, ಯಾವ ಮುದ್ರೆ ಉಂಟು ನೋಡಿ. ವೀಟಾ, ಸ್ವಿಚ್ ಆದರೆ ಕಾರ್ಡ್ ಎಲ್ಲಿಯದ್ದಾದರೂ ನಡೀತದೆ, ಡಿಎಲ್‌ಸಿ ಬೇಕಿದ್ದರೆ ಮಾತ್ರ ಖಾತೆ ಮತ್ತು ಕಾರ್ಡ್ ಒಂದೇ ಕಡೆಯದ್ದಾಗಿರಲಿ. ಕೊಳ್ಳುವ ಮೊದಲು ನಿಮ್ಮ ಹತ್ತಿರ ಇರುವ ಒಂದು ಆಟ ಹಾಕಿ ನೋಡಿಯೇ ದುಡ್ಡು ಕೊಡಿ.

ಪ್ರಶ್ನೆ (ಒಬ್ಬ ಅಧ್ಯಾಪಕರು): ಯಂತ್ರದ ಸಾಫ್ಟ್‌ವೇರ್ ಬದಲಾಯಿಸಿ ಬೀಗ ತೆಗೆಯುವವರಿದ್ದಾರಲ್ಲ, ಅದನ್ನು ನೀವು ಸಮರ್ಥಿಸುತ್ತೀರಾ?

ಉತ್ತರ: ಸರ್, ಹಾಗೆ ಮಾಡುವವರಲ್ಲಿ ಎರಡು ಬಗೆ. ಕದ್ದ ಆಟ ಆಡಲಿಕ್ಕೆ ಮಾಡುವವರು ಒಂದು ಕಡೆ, ದುಡ್ಡು ಕೊಟ್ಟು ತಂದ ಕಾರ್ಡನ್ನು ಆಡಲಿಕ್ಕಾಗಿ ಮಾಡುವವರು ಇನ್ನೊಂದು ಕಡೆ. ಮೊದಲನೆಯದನ್ನು ಸಮರ್ಥಿಸುವುದಿಲ್ಲ. ಎರಡನೆಯವರ ಕಷ್ಟ ನನಗೆ ಅರ್ಥವಾಗ್ತದೆ, ಆದರೆ ಕಾನೂನಿನ ತೊಡಕು ಉಂಟು, ಯಂತ್ರ ಕೆಡುವ ಅಪಾಯವೂ ಉಂಟು. ನಾನು ಕೇಳುವುದು ಬೇರೆ. ಒಂದು ಯಂತ್ರದ ಅಂಗಡಿಯನ್ನೇ ಮುಚ್ಚಿದ ಮೇಲೆ ಅದರ ಬೀಗದಿಂದ ಯಾರಿಗೂ ಲಾಭ ಇಲ್ಲ. ಕೊನೆಯ ಸಿಸ್ಟಮ್ ಅಪ್‌ಡೇಟಿನಲ್ಲಿ ಎಲ್ಲ ಸ್ವಿಚ್ಚೂ ಹಾಕಿ ಹೋಗಬಹುದಲ್ಲ? ಏಳು ಬಿಟ್‌ಗಳ ಕೆಲಸ ಅದು. ಬಾಡಿಗೆ ಮನೆ ಬಿಡುವವರೂ ಬೀಗದ ಕೈಯನ್ನು ಕೊಟ್ಟೇ ಹೋಗ್ತಾರೆ.